ಗಿಟಾರ್ ಇಳಿಸಿ ಕ್ಯಾಮೆರಾ ಎತ್ತಿಕೊಂಡವರು

2007ರ ಮಾರ್ಚ್ 17, ಶನಿವಾರ. ಮೈಸೂರಿನಿಂದ ಬೆಂಗಳೂರಿಗೆ ಹೊರಟ ರೈಲಿನ ಜನರಲ್ ಬೋಗಿಯಲ್ಲಿ ನಾವು ಐದು ಜನ ಗೆಳೆಯರು. ಐವರದೂ ಕಪ್ಪು ಟೀ ಶರ್ಟು, ಎದೆಯ ಮೇಲೆ ತಲೆಬುರುಡೆಯ ಚಿತ್ರ. ಪಾಂಡವಪುರ ದಾಟುವ ಹೊತ್ತಿಗೆ ಎದುರು ಸೀಟಿನಲ್ಲಿದ್ದ ಹಿರಿಯರೊಬ್ಬರು ಪತ್ರಿಕೆ ಮಡಚಿಟ್ಟು ಕೇಳಿದರು: "ಏನ್ರಪ್ಪಾ, ಮಾಲೆ ಹಾಕಿದ್ದೀರಾ? ಈ ಕಾಲದಲ್ಲಿ?"

"ಇಲ್ಲ ತಾತ, ಬೆಂಗಳೂರಿಗೆ ಕಚೇರಿ ಕೇಳೋಕೆ ಹೋಗ್ತಿದೀವಿ."

"ಯಾರದು ಕಚೇರಿ?"

ಐರನ್ ಮೇಡನ್ ಅಂದೆವು. ಇಂಗ್ಲೆಂಡಿನವರು, ಅರಮನೆ ಮೈದಾನದಲ್ಲಿ ಅಂದೆವು. ಅವರು ಒಂದು ಕ್ಷಣ ಸುಮ್ಮನಿದ್ದು, ಇನ್ನೊಂದು ಪ್ರಶ್ನೆ ಕೇಳಿದರು: "ಹಾಡುಗಾರಿಕೆಯೋ, ವಾದ್ಯವೋ?"

ಆ ಪ್ರಶ್ನೆಯನ್ನು ಇಷ್ಟು ವರ್ಷವಾದರೂ ಮರೆತಿಲ್ಲ. ಮೆಟಲ್ ಸಂಗೀತದ ಬಗ್ಗೆ ನಮ್ಮನ್ನು ಯಾರೇ ಕೇಳಿದರೂ ಕೇಳುತ್ತಿದ್ದುದು ಬೇರೆ. ಕೂದಲು ಯಾಕೆ ಬಿಟ್ಟಿದ್ದೀರಿ, ಕಪ್ಪು ಬಟ್ಟೆ ಯಾಕೆ, ದೆವ್ವದ ಪೂಜೆಯಂತೆ ಹೌದಾ, ಕಿವಿ ಹೋಗಲ್ವಾ. ಸಂಗೀತದ ಬಗ್ಗೆ ಸಂಗೀತದ್ದೇ ಪ್ರಶ್ನೆ ಕೇಳಿದವರು ಆ ತಾತ ಒಬ್ಬರೇ. ತ್ಯಾಗರಾಜರನ್ನೂ ವೀಣೆ ಶೇಷಣ್ಣನವರನ್ನೂ ಕೇಳಿ ಬೆಳೆದ ಊರಿನ ಕಿವಿ ಅದು.

ಆ ಕಿವಿಯೇ ಕ್ಯಾಮೆರಾ ಹಿಡಿದರೆ ಹೇಗಿರುತ್ತದೆ? ವಾದ್ಯ ನುಡಿಸುತ್ತಿದ್ದವರೇ ಸಾಕ್ಷ್ಯಚಿತ್ರಕ್ಕೆ ಇಳಿದು, ತಮ್ಮದೇ ಬಳಗವನ್ನು ಚಿತ್ರಿಸಿಕೊಂಡ ಒಂದು ಪರಂಪರೆ ಮೆಟಲ್ ಲೋಕದಲ್ಲಿದೆ. ಕನ್ನಡದ ಓದುಗರಿಗೆ ಅವರನ್ನು ಪರಿಚಯಿಸಬೇಕೆಂಬುದು ನನ್ನ ಬಹುದಿನದ ಆಸೆ.

ಮೊದಲು ಈ ಸಂಗೀತದ ಒಳಗೆ ಒಂದು ಸುತ್ತು ಹಾಕಿಬರೋಣ. ಐರನ್ ಮೇಡನ್ ಹೆಬ್ಬಾಗಿಲು ಮಾತ್ರ. ಒಳಗೆ ಹೋದಂತೆಲ್ಲ ಥ್ರ್ಯಾಶ್, ಡೂಮ್, ಡೆತ್, ಬ್ಲ್ಯಾಕ್, ಗ್ರೈಂಡ್‌ಕೋರ್ ಎಂಬ ಕೋಣೆಗಳು. ಎಕ್ಸ್‌ಟ್ರೀಮ್ ಮೆಟಲ್ ಎನ್ನುವುದು ಈ ಒಳಮನೆಗಳಿಗೆ. ಇಲ್ಲಿನವರು ತಮ್ಮ ಲೋಕವನ್ನು ಅಂಡರ್‌ಗ್ರೌಂಡ್ ಎನ್ನುತ್ತಾರೆ. ಅದನ್ನು 'ಭೂಗತ' ಎಂದು ಕನ್ನಡಕ್ಕೆ ತಂದರೆ ಮಚ್ಚು ಲಾಂಗುಗಳ ಕಥೆಯಾಗಿಬಿಡುತ್ತದೆ. ಹಾಗಾಗಿ ಅಂಡರ್‌ಗ್ರೌಂಡ್ ಎಂದೇ ಇರಲಿ. ರೇಡಿಯೊ, ಟಿ.ವಿ.ಗಳ ಹಂಗಿಲ್ಲದೆ ಕೈಯಿಂದ ಕೈಗೆ ದಾಟುವ ಕ್ಯಾಸೆಟ್ಟು, ಜೆರಾಕ್ಸ್ ಮಾಡಿದ ಪುಟ್ಟ ಪತ್ರಿಕೆಗಳಿಂದ ಬೆಳೆದ ಲೋಕ ಎಂದಷ್ಟೇ ಅದರ ಅರ್ಥ.

ಇದರ ಬೇರು ಬರ್ಮಿಂಗ್‌ಹ್ಯಾಮಿನ ಒಂದು ಕಾರ್ಖಾನೆಯಲ್ಲಿದೆ. ಟೋನಿ ಅಯೋಮಿ ಎಂಬ ಹದಿನೇಳರ ಹುಡುಗ ತಗಡು ಕತ್ತರಿಸುವ ಕೆಲಸದಲ್ಲಿದ್ದ. ಕೆಲಸ ಬಿಡುವ ಕೊನೆಯ ದಿನವೇ ಯಂತ್ರಕ್ಕೆ ಸಿಕ್ಕಿ ಬಲಗೈಯ ಎರಡು ಬೆರಳುಗಳ ತುದಿ ಹೋಯಿತು. ಎಡಚನಾಗಿದ್ದರಿಂದ ಗಿಟಾರಿನ ತಂತಿ ಒತ್ತುವ ಕೈಯೇ ಅದು. ಪ್ಲಾಸ್ಟಿಕ್ ಬಾಟಲಿ ಕರಗಿಸಿ ಬೆರಳಿಗೆ ಟೊಪ್ಪಿ ಮಾಡಿಕೊಂಡ, ತೆಳುವಾದ ತಂತಿ ಹಾಕಿದ, ಮುಂದೆ ಬ್ಲ್ಯಾಕ್ ಸಬ್ಬಾತ್ ತಂಡದಲ್ಲಿ ತಂತಿಗಳ ಬಿಗಿ ಸಡಿಲಿಸಿ ಶ್ರುತಿಯನ್ನೇ ಕೆಳಗಿಳಿಸಿದ. ನೋಯುವ ಬೆರಳಿಗೆ ಸುಲಭವಾಗಲೆಂದು ಇಳಿಸಿದ ಆ ಶ್ರುತಿಯಿಂದ ಹೊರಟ ಭಾರವಾದ ನಾದವೇ ಎಕ್ಸ್‌ಟ್ರೀಮ್ ಮೆಟಲಿನ ಅಡಿಪಾಯ. ಇನ್ನೂ ಕೆಳಗಿಳಿಯಬೇಕೆಂಬ ಹಂಬಲದಲ್ಲಿ ಮುಂದಿನವರು ಆರು ತಂತಿಯ ಗಿಟಾರಿಗೆ ಏಳನೆಯದನ್ನು ಸೇರಿಸಿದರು. ನಮ್ಮ ಮೈಸೂರು ಚೌಡಯ್ಯನವರು ನಾಲ್ಕು ತಂತಿಯ ಪಿಟೀಲನ್ನು ಏಳು ತಂತಿಗೆ ಏರಿಸಿದ್ದು ಮೈಕಿಲ್ಲದ ಕಾಲದಲ್ಲಿ ಕೊನೆಯ ಸಾಲಿನವರಿಗೂ ಕೇಳಲೆಂದು. ಉದ್ದೇಶ ಬೇರೆ, ಆದರೆ ಇದ್ದ ವಾದ್ಯ ಸಾಲದು ಎನ್ನುವ ಚಡಪಡಿಕೆ ಒಂದೇ.

ಇನ್ನು ಆ ಗಂಟಲು. ಹೊಸಬರು ಮೊದಲು ಬೆಚ್ಚಿಬೀಳುವುದು ಅದಕ್ಕೇ. ಗ್ರೋಲ್ ಎನ್ನುವ ಆ ಗರ್ಜನೆ ಅರಚಾಟವಲ್ಲ. ನಮ್ಮ ಧ್ವನಿಪೆಟ್ಟಿಗೆಯಲ್ಲಿ ನಿಜವಾದ ಧ್ವನಿತಂತುಗಳ ಮೇಲೆ ಇನ್ನೊಂದು ಜೊತೆ ಮಡಿಕೆಗಳಿವೆ, ಹುಸಿ ಧ್ವನಿತಂತುಗಳು. ಹೊಟ್ಟೆಯಿಂದ ಉಸಿರನ್ನು ಹದವಾಗಿ ತಳ್ಳಿ ಆ ಮಡಿಕೆಗಳನ್ನು ಕಂಪಿಸುವಂತೆ ಮಾಡಬೇಕು. ಹದ ತಪ್ಪಿದರೆ ಎರಡೇ ಹಾಡಿಗೆ ಗಂಟಲು ಕಟ್ಟುತ್ತದೆ. ಯಕ್ಷಗಾನದಲ್ಲಿ ಬಣ್ಣದ ವೇಷ ರಂಗಕ್ಕೆ ಬರುವ ಮೊದಲು ಮರೆಯಿಂದ ಬರುವ ಅಟ್ಟಹಾಸವನ್ನು ಕೇಳಿದವರಿಗೆ ಇದು ಅಷ್ಟೇನೂ ಅಪರಿಚಿತವಲ್ಲ. ಆಟಕ್ಕೆ ಬಂದ ಮಕ್ಕಳು ಅಮ್ಮನ ಸೆರಗಿಗೆ ಅವಿತುಕೊಳ್ಳುವುದೂ, ಕಣ್ಣು ಮಾತ್ರ ಹೊರಗಿಟ್ಟು ನೋಡುವುದೂ ಆ ದನಿಗೇ.

ಇಂಥ ಸಂಗೀತವನ್ನು ಹೊರಗಿನವರು ಚಿತ್ರಿಸಿದಾಗ ಕ್ಯಾಮೆರಾ ಸೀದಾ ಟೀ ಶರ್ಟಿನ ತಲೆಬುರುಡೆಗೆ ಹೋಗುತ್ತದೆ. ಒಳಗಿನವರು ಚಿತ್ರಿಸಿದರೆ ಎಡಗೈ ಬೆರಳಿಗೆ ಹೋಗುತ್ತದೆ. ಆ ವ್ಯತ್ಯಾಸವನ್ನು ನನಗೆ ಮೊದಲು ತೋರಿಸಿದವರು ಕೆನಡಾದ ಸ್ಯಾಮ್ ಡನ್.

ಡನ್ ಬೇಸ್ ಗಿಟಾರ್ ವಾದಕ, ಓದಿದ್ದು ಮಾನವಶಾಸ್ತ್ರ. ಟೊರಾಂಟೊದ ಯಾರ್ಕ್ ವಿಶ್ವವಿದ್ಯಾಲಯದಲ್ಲಿ ಸ್ನಾತಕೋತ್ತರ ಅಧ್ಯಯನ, ಅದೂ ಗ್ವಾಟೆಮಾಲಾದ ನಿರಾಶ್ರಿತರ ಕುರಿತು. ಊರೂರು ತಿರುಗಿ ಬೇರೆಯವರ ಬದುಕನ್ನು ಬರೆದುಕೊಳ್ಳುವ ನಾನು, ಹನ್ನೆರಡನೇ ವಯಸ್ಸಿನಿಂದ ನಾನೇ ಸೇರಿರುವ ಈ ಬುಡಕಟ್ಟನ್ನು ಯಾಕೆ ಅದೇ ಶ್ರದ್ಧೆಯಿಂದ ನೋಡಬಾರದು ಎಂಬ ಪ್ರಶ್ನೆಯಿಂದ ಅವರ ಸಿನಿಮಾ ಹುಟ್ಟಿತು. ಸ್ಕಾಟ್ ಮೆಕ್‌ಫೇಡನ್ ಮತ್ತು ಜೆಸ್ಸಿಕಾ ವೈಸ್ ಜೊತೆ ಸೇರಿ ನಿರ್ದೇಶಿಸಿದ 'ಮೆಟಲ್: ಎ ಹೆಡ್‌ಬ್ಯಾಂಗರ್ಸ್ ಜರ್ನಿ' 2005ರಲ್ಲಿ ಟೊರಾಂಟೊ ಚಿತ್ರೋತ್ಸವದಲ್ಲಿ ತೆರೆಕಂಡಿತು.

ಮಾನವಶಾಸ್ತ್ರ ಎಂದ ಕೂಡಲೆ ಮೈಸೂರಿನವರಿಗೆ ಎಂ.ಎನ್. ಶ್ರೀನಿವಾಸ್ ನೆನಪಾಗಲೇಬೇಕು. ಇದೇ ಊರಿನಲ್ಲಿ 1916ರಲ್ಲಿ ಹುಟ್ಟಿ, ಮಹಾರಾಜ ಕಾಲೇಜಿನಲ್ಲಿ ಓದಿ, ಆಕ್ಸ್‌ಫರ್ಡಿಗೆ ಹೋಗಿಬಂದು, 1948ರಲ್ಲಿ ಮೈಸೂರಿನ ಸಮೀಪದ್ದೇ ಒಂದು ಹಳ್ಳಿಯಲ್ಲಿ ಬಿಡಾರ ಹೂಡಿದವರು ಅವರು. ಪರದೇಶದ ಬುಡಕಟ್ಟನ್ನು ಹುಡುಕಿ ಹೋಗುವುದೇ ಮಾನವಶಾಸ್ತ್ರವಾಗಿದ್ದ ಕಾಲದಲ್ಲಿ ತನ್ನದೇ ಸೀಮೆಯ, ತನ್ನದೇ ಭಾಷೆಯ ಜನರ ನಡುವೆ ಕೂತು ಬರೆದುಕೊಂಡವರು. 1970ರಲ್ಲಿ ಸ್ಟ್ಯಾನ್‌ಫರ್ಡಿನಲ್ಲಿ ದುಷ್ಕರ್ಮಿಗಳು ಹಚ್ಚಿದ ಬೆಂಕಿಗೆ ಅವರ ಕೆಲಸದ ಕೋಣೆ ಸಿಕ್ಕಿ ಟಿಪ್ಪಣಿಗಳು ಸುಟ್ಟುಹೋದವು. ಆಮೇಲೆ ನೆನಪಿನ ಬಲದಿಂದಲೇ ಬರೆದ 'ದಿ ರಿಮೆಂಬರ್ಡ್ ವಿಲೇಜ್' 1976ರಲ್ಲಿ ಬಂತು. ಟಿಪ್ಪಣಿ ಹೋದರೂ ಊರು ಉಳಿದಿದ್ದು ಅವರು ಆ ಊರಿನ ಭಾಷೆಯೊಳಗಿದ್ದರು ಎಂಬ ಕಾರಣಕ್ಕೆ. ಡನ್ ಅವರ ಸಿನಿಮಾದಲ್ಲಿ ನನಗೆ ಕಾಣುವುದು ಇದೇ ಒಳಗಿನ ನೋಟ.

ಅಲ್ಲಿ ಅವರು ಮೆಟಲ್‌ನ ಒಂದು ವಂಶವೃಕ್ಷ ಬರೆಯುತ್ತಾರೆ. ಯಾವ ಟೊಂಗೆಯಿಂದ ಯಾವ ಚಿಗುರು ಎಂದು ಹೆಸರು ಹಿಡಿದು ತೋರಿಸುತ್ತಾರೆ. ರಾನಿ ಜೇಮ್ಸ್ ಡಿಯೊ ಎಂಬ ಗಾಯಕ ತೋರುಬೆರಳು, ಕಿರುಬೆರಳು ಎತ್ತಿ ತೋರಿಸುವ ಕೊಂಬಿನ ಮುದ್ರೆಯ ಮೂಲವನ್ನು ಬಿಡಿಸಿ ಹೇಳುತ್ತಾರೆ. ಜಗತ್ತು ಸೈತಾನನ ಗುರುತು ಎಂದುಕೊಂಡಿರುವ ಆ ಮುದ್ರೆ, ಅವರ ಇಟಲಿ ಮೂಲದ ಅಜ್ಜಿ ಕೆಟ್ಟ ದೃಷ್ಟಿ ತಾಗದಿರಲೆಂದು ಹಿಡಿಯುತ್ತಿದ್ದ ಕೈ. ದೃಷ್ಟಿ ತೆಗೆಯುವ ಅಜ್ಜಿಯರಿರುವ ಯಾವ ಮನೆಯಲ್ಲಿ ಬೆಳೆದವರಿಗೂ ಆ ದೃಶ್ಯಕ್ಕೆ ವಿವರಣೆ ಬೇಡ. ಉಪ್ಪು, ಮೆಣಸಿನಕಾಯಿ ನಿವಾಳಿಸಿ ಒಲೆಗೆ ಹಾಕುವ ನಮ್ಮಜ್ಜಿಯೇ ಅಲ್ಲಿ ಇಟಲಿಯ ಸೀರೆ ಉಟ್ಟಂತೆ ನನಗೆ ಕಂಡಿತ್ತು.

ಅದೇ ಚಿತ್ರದಲ್ಲಿ ನನಗೆ ಒಪ್ಪಿಗೆಯಾಗದ ಭಾಗವೂ ಇದೆ. ನಾರ್ವೆಯ ಬ್ಲ್ಯಾಕ್ ಮೆಟಲ್ ಗಾಯಕ ಗಾಲ್ ಮಂದ ಬೆಳಕಿನಲ್ಲಿ ವೈನ್ ಲೋಟ ಹಿಡಿದು ಕೂತಿರುತ್ತಾರೆ. ನಿಮ್ಮ ಸಂಗೀತದ ಹಿಂದಿನ ಮುಖ್ಯ ವಿಚಾರ ಯಾವುದು ಎಂದು ಕೇಳಿದರೆ ಎಷ್ಟೋ ಹೊತ್ತು ಮೌನ, ಆಮೇಲೆ ಒಂದೇ ಪದ: ಸೈತಾನ್. ಲೋಕದ ತುಂಬ ಹರಿದಾಡಿದ್ದು ಆ ಒಂದು ತುಣುಕೇ. ಚರ್ಚುಗಳಿಗೆ ಬೆಂಕಿ ಬಿದ್ದ, ಕೊಲೆಗಳಾದ ನಾರ್ವೆಯ ಆ ವರ್ಷಗಳನ್ನು ತಿಳಿಯಲು ಆ ಪದದಿಂದ ಏನೂ ಸಿಗುವುದಿಲ್ಲ. ಒಳಗಿನವರಿಗೂ ಒಮ್ಮೊಮ್ಮೆ ತಲೆಬುರುಡೆಯ ಮೋಹ ತಪ್ಪುವುದಿಲ್ಲ. ಆದರೆ ಡನ್ ಇನ್ನೊಂದು ಕೆಲಸ ಮಾಡಿದ್ದಾರೆ. ಜರ್ಮನಿಯ ವಾಕನ್ ಉತ್ಸವದಲ್ಲಿ ಮೇಹೆಮ್ ತಂಡದವರು ಕುಡಿದ ಅಮಲಿನಲ್ಲಿ ಬೈಗುಳ ಬಿಟ್ಟರೆ ಬೇರೆ ಉತ್ತರವನ್ನೇ ಕೊಡದ ಸಂದರ್ಶನವನ್ನು ಕತ್ತರಿಸಿ ಎಸೆಯದೆ ಹಾಗೇ ಉಳಿಸಿದ್ದಾರೆ. ಕ್ಷೇತ್ರಕಾರ್ಯದಲ್ಲಿ ಬಾಗಿಲು ಮುಚ್ಚಿದ್ದೂ ಒಂದು ಮಾಹಿತಿ ಎಂದು ಬಲ್ಲವರು ಮಾತ್ರ ಹಾಗೆ ಮಾಡಿಯಾರು.

ಮುಂದೆ ಅವರ ಬ್ಯಾಂಗರ್ ಫಿಲ್ಮ್ಸ್ ಸಂಸ್ಥೆ ದೊಡ್ಡದಾಯಿತು. 2009ರ 'ಫ್ಲೈಟ್ 666' ಚಿತ್ರದಲ್ಲಿ ಐರನ್ ಮೇಡನ್ ತನಗೆಂದೇ ಬಾಡಿಗೆಗೆ ಪಡೆದ ಬೋಯಿಂಗ್ 757 ವಿಮಾನದಲ್ಲಿ 45 ದಿನಗಳಲ್ಲಿ 23 ಕಾರ್ಯಕ್ರಮ ಕೊಟ್ಟ ಪ್ರವಾಸವಿದೆ. ವಿಮಾನ ಹಾರಿಸಿದ್ದು ಗಾಯಕ ಬ್ರೂಸ್ ಡಿಕಿನ್ಸನ್, ಮೊದಲ ಕಾರ್ಯಕ್ರಮ ನಡೆದದ್ದು ಮುಂಬೈಯಲ್ಲಿ, 2008ರ ಫೆಬ್ರುವರಿ 1ರಂದು. ನನಗೆ ಅದಕ್ಕಿಂತ ಮುಖ್ಯವೆನಿಸುವುದು 2011ರಲ್ಲಿ ಟಿ.ವಿ.ಗೆ ಮಾಡಿದ ಹನ್ನೊಂದು ಕಂತುಗಳ 'ಮೆಟಲ್ ಎವಲ್ಯೂಷನ್'. ಇಡೀ ವಂಶವೃಕ್ಷದಲ್ಲಿ ಎಕ್ಸ್‌ಟ್ರೀಮ್ ಮೆಟಲ್ ಟೊಂಗೆಗೆ ಮಾತ್ರ ಕಂತು ಸಿಗಲಿಲ್ಲ, ಅದಕ್ಕೆ ಹಣ ಬರಲಿಲ್ಲ. ಡನ್ ಅದನ್ನು ಬಿಡಲಿಲ್ಲ. ಅಭಿಮಾನಿಗಳ ಮುಂದೆ ಜೋಳಿಗೆ ಹಿಡಿದರು. ಜಗತ್ತಿನ ಮೂಲೆಮೂಲೆಯಿಂದ ಚಿಲ್ಲರೆ ಚಿಲ್ಲರೆಯಾಗಿ ಹಣ ಬಂದು, 2014ರಲ್ಲಿ ಹನ್ನೆರಡನೆಯ ಕಂತು ಹೊರಬಂತು. ಊರವರೆಲ್ಲ ಪಟ್ಟಿ ಹಾಕಿ ತೇರು ಎಳೆದ ಹಾಗೆ.

ಸಂಗೀತದಿಂದ ಚಿತ್ರಕ್ಕೆ ಬಂದವರಲ್ಲಿ ಡನ್ ಒಬ್ಬರೇ ಅಲ್ಲ. ಸ್ವೀಡನ್ನಿನ ಬಾಥೊರಿ ತಂಡದ ಮೊದಲ ಡ್ರಮ್ಮರ್ ಯೋನಾಸ್ ಆಕರ್ಲುಂಡ್ ಮುಂದೆ ಮಡೋನಾ ಅವರಂಥವರ ವಿಡಿಯೊಗಳನ್ನು ನಿರ್ದೇಶಿಸಿ, 2018ರಲ್ಲಿ ನಾರ್ವೆಯ ಆ ಕರಾಳ ವರ್ಷಗಳ ಕಥೆಯನ್ನು 'ಲಾರ್ಡ್ಸ್ ಆಫ್ ಕೇಯಾಸ್' ಎಂದು ಕಥಾಚಿತ್ರವಾಗಿಸಿದರು. ಅದೇ ವಿಷಯಕ್ಕೆ ಅಮೆರಿಕದ ಇರಾನ್ ಎಂಬ ತಂಡದ ಆರನ್ ಏಟ್ಸ್ ಹಿಡಿದ ದಾರಿ ನನಗೆ ಹೆಚ್ಚು ಹಿಡಿಸಿತು. ಆಡ್ರಿ ಯೂಯೆಲ್ ಜೊತೆ ನಾರ್ವೆಗೇ ಹೋಗಿ ನೆಲೆಸಿ, ಆ ಜನರ ನಡುವೆ ವರ್ಷಗಟ್ಟಲೆ ಇದ್ದು, 2008ರಲ್ಲಿ 'ಅಂಟಿಲ್ ದ ಲೈಟ್ ಟೇಕ್ಸ್ ಅಸ್' ಸಾಕ್ಷ್ಯಚಿತ್ರ ತಂದರು. ಅದರಲ್ಲಿ ಅವಸರದ ಪ್ರಶ್ನೆಗಳಿಲ್ಲ. ಡಾರ್ಕ್‌ಥ್ರೋನ್ ತಂಡದ ಫೆನ್ರಿಜ್ ಸುಮ್ಮನೆ ಮಾತಾಡುತ್ತಾ ಹೋಗುತ್ತಾರೆ, ಕ್ಯಾಮೆರಾ ಕೇಳಿಸಿಕೊಳ್ಳುತ್ತದೆ.

ನಮ್ಮ ಕಡೆಗೆ ಬಂದರೆ, ಡನ್ ಅವರ 2008ರ 'ಗ್ಲೋಬಲ್ ಮೆಟಲ್' ಬ್ರೆಜಿಲ್, ಜಪಾನ್, ಚೀನಾ, ಇಂಡೊನೇಷ್ಯಾ, ಇಸ್ರೇಲ್‌ಗಳ ಜೊತೆ ಮುಂಬೈಗೂ ಬಂದು ಡಿಮಾನಿಕ್ ರೆಸರೆಕ್ಷನ್ ತಂಡವನ್ನು ಮಾತಾಡಿಸಿತು. ಹೊರಗಿನಿಂದ ಬಂದ ಅತಿಥಿಯ ಆತುರ ಅದರಲ್ಲಿದ್ದೇ ಇದೆ. ಅದಕ್ಕೇ ಸಂಗೀತಲೋಕದೊಳಗಿಂದಲೇ ಬಂದ ನಮ್ಮವರಾದ ರಾಯ್ ದೀಪಾಂಕರ್ ಅವರ 'ಎಕ್ಸ್‌ಟ್ರೀಮ್ ನೇಷನ್' ಬೆಲೆಯುಳ್ಳದ್ದು. ಭಾರತ, ಪಾಕಿಸ್ತಾನ, ಬಾಂಗ್ಲಾದೇಶ, ಶ್ರೀಲಂಕಾಗಳ ಅಂಡರ್‌ಗ್ರೌಂಡ್ ತಂಡಗಳನ್ನು ಒಂದೇ ಮನೆಯ ಕವಲುಗಳೆಂಬಂತೆ ನೋಡಿದ ಸ್ವತಂತ್ರ ಸಾಕ್ಷ್ಯಚಿತ್ರ ಅದು. ಜನ ಸುಲಭಕ್ಕೆ ದಾಟಲಾಗದ ಗಡಿಗಳನ್ನು ಡೆಮೊ ಕ್ಯಾಸೆಟ್ಟುಗಳು ಹೇಗೆ ದಾಟಿದವು ಎಂಬುದು ಯಾವ ದೇಶದ ಸುದ್ದಿವಾಹಿನಿಗೂ ಸುದ್ದಿಯಾಗುವ ವಿಷಯವಲ್ಲ.

ಕರ್ನಾಟಕದ ಕಥೆ ಮಾತ್ರ ಇನ್ನೂ ಬಿಡಿಬಿಡಿಯಾಗಿಯೇ ಇದೆ. ಬೆಂಗಳೂರಿನ ಡೈಯಿಂಗ್ ಎಂಬ್ರೇಸ್ 1990ರ ದಶಕದ ಆರಂಭದಲ್ಲೇ ಡೂಮ್, ಡೆತ್ ನುಡಿಸುತ್ತಿದ್ದ ತಂಡ. 1998ರಲ್ಲಿ ಶುರುವಾದ ಕ್ರಿಪ್ಟೋಸ್ 2013ರಲ್ಲಿ ವಾಕನ್ ವೇದಿಕೆಯವರೆಗೂ ಹೋಯಿತು. 2012ರಲ್ಲಿ ಆರಂಭವಾದ ಬೆಂಗಳೂರ್ ಓಪನ್ ಏರ್ ಉತ್ಸವದ ಮೊದಲ ವರ್ಷ ಜರ್ಮನಿಯ ಕ್ರಿಯೇಟರ್ ತಂಡ ಬಂದು ನುಡಿಸಿತು. ಮೈಸೂರಿನಿಂದ ಇವಕ್ಕೆಲ್ಲ ರೈಲು ಹತ್ತಿ ಹೋದವರಿದ್ದಾರೆ, ಇಲ್ಲಿನ ಮಹಡಿ ಕೋಣೆಗಳಲ್ಲಿ ಕಿಟಕಿಗೆ ಹಾಸಿಗೆ ಒರಗಿಸಿ, ಶಬ್ದ ಬೀದಿಗೆ ಹೋಗದಂತೆ ಅಭ್ಯಾಸ ಮಾಡುವ ಹುಡುಗರಿದ್ದಾರೆ. ಯುವ ದಸರೆಯ ದೊಡ್ಡ ದೀಪಗಳು ಅಲ್ಲಿಯತನಕ ಬರುವುದಿಲ್ಲ.

ಅಂಥ ಕೋಣೆಯೊಳಗೆ ಕ್ಯಾಮೆರಾ ಇಡುವುದು ಒಂದು ಕಸುಬು. ಮೊದಲ ತೊಡಕು ಶಬ್ದದ್ದು. ಕ್ಯಾಮೆರಾದಲ್ಲೇ ಇರುವ ಪುಟ್ಟ ಮೈಕು ಇಷ್ಟು ಜೋರಿನ ಸದ್ದನ್ನು ತಡೆದುಕೊಳ್ಳುವುದಿಲ್ಲ, ಎಲ್ಲ ಒಡೆದು ಬರೀ ಗೊರಗೊರ ಉಳಿಯುತ್ತದೆ. ತಿಳಿದವರು ಮಿಕ್ಸರಿನಿಂದ ನೇರವಾಗಿ ಒಂದು ಎಳೆ ತೆಗೆದುಕೊಳ್ಳುತ್ತಾರೆ, ಕೋಣೆಯ ಮೂಲೆಯಲ್ಲಿ ಇನ್ನೊಂದು ಮೈಕು ಇಡುತ್ತಾರೆ, ಆಮೇಲೆ ಎರಡನ್ನೂ ಬೆರೆಸುತ್ತಾರೆ. ಮಿಕ್ಸರಿನದೊಂದನ್ನೇ ಇಟ್ಟರೆ ಸದ್ದು ಚೊಕ್ಕಟವಾಗಿರುತ್ತದೆ, ಆದರೆ ಕೋಣೆಯ ಬೆವರು ಅದರಲ್ಲಿರುವುದಿಲ್ಲ.

ಎರಡನೆಯ ತೊಡಕು ವೇಗದ್ದು. ಬ್ಲಾಸ್ಟ್ ಬೀಟ್ ಎನ್ನುವ ಡ್ರಮ್ ಬಡಿತ ನಿಮಿಷಕ್ಕೆ 240ರ ಲಯದಲ್ಲಿ, ಪ್ರತಿ ಮಾತ್ರೆಗೆ ನಾಲ್ಕು ಪೆಟ್ಟಿನಂತೆ ಓಡುತ್ತಿದೆ ಎಂದುಕೊಳ್ಳಿ. ಸೆಕೆಂಡಿಗೆ 16 ಪೆಟ್ಟು. ಕ್ಯಾಮೆರಾ ಸೆಕೆಂಡಿಗೆ 25 ಚಿತ್ರ ತೆಗೆಯುತ್ತದೆ. ಒಂದೊಂದು ಪೆಟ್ಟಿಗೆ ಸಿಗುವುದು ಒಂದೂವರೆ ಚಿತ್ರ. ಕೋಲು ಚರ್ಮಕ್ಕೆ ತಾಗಿದ ಕ್ಷಣ ಎಷ್ಟೋ ಸಲ ಎರಡು ಚಿತ್ರಗಳ ನಡುವೆಯೇ ಬಿದ್ದುಹೋಗುತ್ತದೆ. ಕಣ್ಣು ನಂಬಿ ಸಂಕಲನ ಮಾಡಿದರೆ ಲಯ ತಪ್ಪುತ್ತದೆ, ಕಿವಿ ನಂಬಿ ಮಾಡಬೇಕು. ಡ್ರಮ್ ನುಡಿಸಿದವರು ಕ್ಯಾಮೆರಾವನ್ನು ಕೈಯ ಮೇಲಿಂದ ತೆಗೆದು ಪಾದದ ಬಳಿ ಇಡುತ್ತಾರೆ. ಎರಡು ಪೆಡಲುಗಳ ಮೇಲೆ ಹಿಮ್ಮಡಿ ಎತ್ತಿ ಕಣಕಾಲಿನಿಂದಲೇ ಓಡುವ ಆ ಪಾದಗಳಲ್ಲಿ ಹಾಡಿನ ಅರ್ಧ ಪ್ರಾಣವಿದೆ ಎಂದು ಅವರಿಗೆ ಗೊತ್ತು.

ಚರ್ಮವಾದ್ಯದ ಆಕ್ರೋಶವನ್ನು ತೆರೆಗೆ ತರಲು ಸಂಗೀತಗಾರನೇ ಬೇಕು ಎನ್ನುವುದಕ್ಕೆ ನಮ್ಮಲ್ಲೇ ದೊಡ್ಡ ಸಾಕ್ಷಿ ಇದೆ. ಮೈಸೂರಿಗೆ ರಂಗಾಯಣ ಕಟ್ಟಿಕೊಟ್ಟ ಬಿ.ವಿ. ಕಾರಂತರು ಮೊದಲು ರಂಗಸಂಗೀತಗಾರರು. 1975ರಲ್ಲಿ ಅವರು 'ಚೋಮನ ದುಡಿ' ಚಿತ್ರ ಮಾಡಿದಾಗ, ಮಾತಿಲ್ಲದವನ ಸಿಟ್ಟು, ಸಂಕಟ ಎಲ್ಲವನ್ನೂ ವಾಸುದೇವರಾಯರ ಕೈಯಲ್ಲಿದ್ದ ಆ ದುಡಿಯೇ ಆಡಿತು. ಡೆತ್ ಮೆಟಲ್ ಕೇಳುವ ಹುಡುಗರಿಗೆ ನಾನು ಆ ಚಿತ್ರ ನೋಡಲು ಹೇಳುತ್ತಿರುತ್ತೇನೆ. ಅವರಿಗೆ ಅದು ಒಂದೇ ಏಟಿಗೆ ಅರ್ಥವಾಗುತ್ತದೆ.

ಹೆಚ್ಚು ಜನ ಕೇಳದ ಸಂಗೀತವನ್ನು ದಾಖಲಿಸಿ ಯಾರಿಗೇನು ಪ್ರಯೋಜನ ಎಂದು ಕೇಳುವವರಿಗೆ ಮೈಸೂರಿನವನಾಗಿ ಒಂದು ಕಥೆ ಹೇಳಬೇಕು. ಜಯಚಾಮರಾಜ ಒಡೆಯರು ಪಿಯಾನೊ ನುಡಿಸುತ್ತಿದ್ದರು, ಕರ್ನಾಟಕ ಸಂಗೀತದಲ್ಲಿ 94 ಕೃತಿಗಳನ್ನು ರಚಿಸಿದ್ದರು. ನಿಕೊಲಾಯ್ ಮೆಟ್ನರ್ ಎಂಬ ರಷ್ಯನ್ ಸಂಗೀತಗಾರ ಲಂಡನ್ನಿನಲ್ಲಿ ಕಾಯಿಲೆ, ಕೈಕೊರತೆಯಲ್ಲಿ ಬದುಕುತ್ತಿದ್ದಾಗ, ಅವರ ಸಂಗೀತ ಕಾಲಕ್ಕೆ ಸಲ್ಲದ್ದೆಂದು ಜಗತ್ತು ಬದಿಗಿಟ್ಟಿದ್ದಾಗ, ಹಣ ಕೊಟ್ಟು ಅವರಿಂದಲೇ ನುಡಿಸಿ ಧ್ವನಿಮುದ್ರಿಸಿದ್ದು ಈ ಮಹಾರಾಜರು. ಮೆಟ್ನರ್ ತಮ್ಮ ಮೂರನೆಯ ಪಿಯಾನೊ ಕಾನ್ಸರ್ಟೊವನ್ನು ಅವರಿಗೇ ಅರ್ಪಿಸಿದರು. ತಟ್ಟೆಗಳು ಬಂದ ಕೆಲವೇ ವರ್ಷಕ್ಕೆ, 1951ರಲ್ಲಿ, ತೀರಿಕೊಂಡರು. ಇಂದು ಮೆಟ್ನರ್ ಅವರ ಬೆರಳುಗಳನ್ನು ನಾವು ಕೇಳಬಹುದಾಗಿರುವುದು ಮೈಸೂರಿನ ದುಡ್ಡಿನಿಂದ.

1950ರ ಮೇ 22ರಂದು ಲಂಡನ್ನಿನ ರಾಯಲ್ ಆಲ್ಬರ್ಟ್ ಹಾಲ್‌ನಲ್ಲಿ ರಿಚರ್ಡ್ ಸ್ಟ್ರಾಸ್ ಅವರ ಕೊನೆಯ ನಾಲ್ಕು ಹಾಡುಗಳ ಮೊದಲ ಪ್ರದರ್ಶನಕ್ಕೂ ಒಡೆಯರು 4,800 ಡಾಲರಿನ ಜಾಮೀನು ನಿಂತರು. ತಾವು ಹೋಗಲಾಗದ್ದಕ್ಕೆ ಕಚೇರಿಯನ್ನು ಮುದ್ರಿಸಿ ಕಳಿಸಲು ಏರ್ಪಾಡು ಮಾಡಿಕೊಂಡರು. ಆ ಮೆತ್ತನೆಯ ಅಸಿಟೇಟ್ ತಟ್ಟೆಗಳು ಹಡಗೇರಿ ಮೈಸೂರಿಗೆ ಬಂದವು. ಮುಂದೆ ಅವನ್ನು ಎಲ್‌ಪಿಗೆ ಇಳಿಸುವ ಹೊತ್ತಿಗೆ ಮುಳ್ಳು ಓಡಿ ಓಡಿ ತಟ್ಟೆಗಳು ಸವೆದುಹೋಗಿದ್ದವು. ಸಮುದ್ರದಾಚೆಯ ಒಂದು ಸಂಜೆಯ ಹಾಡನ್ನು, ಸವೆದ ತಟ್ಟೆಯ ಸರಸರ ಸದ್ದಿನ ಹಿಂದಿನಿಂದ, ಇಂದಿಗೂ ಕೇಳಬಹುದು.

ನನ್ನ ಬಳಿ ಇರುವುದು ಎರಡು ನಿಮಿಷದ ಒಂದು ತುಣುಕು. ಆ ಮಾರ್ಚ್ ಸಂಜೆ ಅರಮನೆ ಮೈದಾನದಲ್ಲಿ, ಅಂದಿನ ಬಟನ್ ಫೋನಿನಲ್ಲಿ ಹಿಡಿದದ್ದು. ಅಂಚೆಚೀಟಿಯಷ್ಟು ಚಿತ್ರ. ವೇದಿಕೆ ಒಂದು ಬಿಳಿ ಚುಕ್ಕೆ, ಮುಂದೆ ಎತ್ತಿದ ಕೈಗಳ ಕಪ್ಪು ಕಾಡು. ಗಿಟಾರು ಯಾವುದು, ಡ್ರಮ್ ಯಾವುದು ಹೇಳಲಾಗದಂತೆ ಸದ್ದೆಲ್ಲ ಒಡೆದುಹೋಗಿದೆ. ಅದರ ನಡುವೆ ಒಂದೇ ಒಂದು ದನಿ ಸ್ಪಷ್ಟವಾಗಿದೆ, ಫೋನಿಗೆ ಹತ್ತಿರವಿದ್ದದ್ದಕ್ಕೆ. ನನ್ನ ಪಕ್ಕದಲ್ಲಿ ನಿಂತಿದ್ದ, ಅಗ್ರಹಾರದ ನನ್ನ ಗೆಳೆಯ ಭುಜ ಹಿಡಿದು ಅಲ್ಲಾಡಿಸುತ್ತಾ ಕೂಗುತ್ತಿದ್ದಾನೆ: "ಲೋ, ಬಂದ್ರು ಕಣೋ! ಬಂದ್ರು!"